ಆಪರೇಟರ್ ಅಂದರೆ ಯಾವ ಆಪರೇಟರ್

ಸಂಡೂರಿನ ಗಣಿಯಲ್ಲಿ ಆಪರೇಟರ್ ಅಂದರೆ ಮಣ್ಣು ತೋಡುವ ದೊಡ್ಡ ಮಷಿನ್ ನಡೆಸುವವನು, ಅಂದರೆ ನಾನು. ಹೊಸಪೇಟೆಯ ಚಿತ್ತವಾಡ್ಗಿಯಲ್ಲಿ, ನಾನು ಹೆಣ್ಣು ನೋಡಲು ಹೋದ ಮನೆಯಲ್ಲಿ, ಆಪರೇಟರ್ ಅಂದರೆ ಕಂಪ್ಯೂಟರ್ ಮುಂದೆ ಕೂರುವವನು.

"ಹುಡುಗ ಕಂಪನಿಯಾಗ ಆಪರೇಟರ್ ಅದಾನ್ರಿ" ಅಂದಳು ನನ್ನ ಸೋದರತ್ತೆ.

"ಕಂಪ್ಯೂಟರ್ ಕೆಲಸ! ಏಸಿಯಾಗ ಕುಂತು ಮಾಡೋದು, ಚಲೋ ಆತ್ ಬಿಡ್ರಿ" ಅಂದರು ಹುಡುಗಿಯ ಅಪ್ಪ.

ನನ್ನ ಮಷಿನ್ನಿನ ಕ್ಯಾಬಿನ್ನಿಗೂ ಏಸಿ ಇತ್ತು. ಅಷ್ಟೇ ನೆಪ ಸಾಕಾಯಿತು. ಬಾಯಿ ಮುಚ್ಚಿಕೊಂಡು ಒಗ್ಗರಣೆ ಮಂಡಕ್ಕಿ, ಮಿರ್ಚಿ ಬಜ್ಜಿ ತಿಂದೆ.

ಸಂಬಂಧ ಕುದುರಿತು. ಹುಡುಗಿ ಇಂಗ್ಲಿಷ್ ಟೀಚರು. ಸಿನಿಮಾಕ್ಕೆ ಮಾತು ಬಂದ ಹೊಸದರಲ್ಲಿ ತೆಗೆದ, ಇಪ್ಪತ್ತೇ ನಿಮಿಷದ ಇಂಗ್ಲಿಷ್ ಹಾಸ್ಯಚಿತ್ರಗಳೆಂದರೆ ಅವಳಿಗೆ ಜೀವ. ದಿನಕ್ಕೊಂದು ನನ್ನ ಮೊಬೈಲಿಗೆ ಕಳಿಸುವಳು. ಎಲ್ಲದರಲ್ಲೂ ಒಂದೇ ಕತೆ: ಒಬ್ಬಾತ ಹುಡುಗಿಗಾಗಿ ಸುಳ್ಳು ಹೇಳುತ್ತಾನೆ, ಸಿಕ್ಕಿಬೀಳುತ್ತಾನೆ, ಮುಖಕ್ಕೆ ಕೇಕಿನಿಂದ ಹೊಡೆಸಿಕೊಳ್ಳುತ್ತಾನೆ, ಮದುವೆಯಾಗುತ್ತಾನೆ. ಹಾಳಾದವನ್ನು ಕಡೆತನಕ ನೋಡಿ, ಚಲೋ ಐತಿ ಎಂದು ಬರೆದು ಕಳಿಸುತ್ತಿದ್ದೆ. ಗೊತ್ತಾಗಿಯೇ ಕಳಿಸುತ್ತಿದ್ದಾಳಾ? ಕೇಳುವ ಹಾಗೂ ಇರಲಿಲ್ಲ.

ನಿಶ್ಚಿತಾರ್ಥಕ್ಕೆ ವಾರವಿದ್ದಾಗ ಹಂಪಿಗೆ ಹೋದೆವು. ಹೊಳೆ ದಂಡೆಯಲ್ಲಿ, ಬಂಡೆಯ ನೆರಳಿಗೆ, ಇಯರ್‌ಫೋನಿನ ಒಂದೊಂದು ತುದಿ ಕಿವಿಗಿಟ್ಟುಕೊಂಡು ಕೂತೆವು. ಚಿತ್ರದಲ್ಲಿ ಕಾರಿನ ಡ್ರೈವರೊಬ್ಬ ಧಣಿಯ ಕೋಟು ತೊಟ್ಟು, ಕಾರು ತನ್ನದೇ ಎಂದು ಹುಡುಗಿಯ ಮುಂದೆ ಬಡಾಯಿ ಕೊಚ್ಚುತ್ತಿದ್ದ. ಇವಳು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಳು. ನನಗೆ ಕೂತಲ್ಲಿ ಕೂರಲಾಗಲಿಲ್ಲ. ಚಪ್ಪಲಿ ಕಳಚಿದೆ, ಮತ್ತೆ ಹಾಕಿದೆ, ಮತ್ತೆ ಕಳಚಿದೆ.

"ಯಾಕ್ರೀ, ಇರುವಿ ಕಡೀತಾವೇನು?"

"ನಾ ಕಂಪ್ಯೂಟರ್ ಆಪರೇಟರ್ ಅಲ್ರಿ. ಗಣಿಯಾಗ ಮಣ್ಣು ತೋಡೋ ಮಷಿನ್ ಓಡಸ್ತೀನಿ."

ತಮಾಷೆಯೆಂದು ಮೊದಲು ನಕ್ಕಳು. ನನ್ನ ಮುಖ ನೋಡಿ, ಕಿವಿಯಿಂದ ಇಯರ್‌ಫೋನ್ ತೆಗೆದಳು.

"ಮಷಿನ್ ಓಡಸೋದ್ರಾಗ ಏನೂ ತಪ್ಪಿಲ್ರಿ. ಆದ್ರ ಈ ಸಿನಿಮಾದವರು ಇಪ್ಪತ್ತು ನಿಮಿಷದಾಗ ಒಪ್ಕೊಂತಾರ. ನಿಮಗ ಮೂರು ತಿಂಗಳು ಬೇಕಾತು."

ಅವತ್ತೇ ಅವರಪ್ಪನ ಮುಂದೆ ನಿಂತು ಹೇಳಿದೆ. ಬೈದರು, ನಿಶ್ಚಿತಾರ್ಥ ಮುಂದಕ್ಕೆ ಹಾಕಿದರು, ಕಡೆಗೆ ಮಗಳ ಹಟಕ್ಕೆ ಸೋತರು. ಮದುವೆಯಾಯಿತು. ಆ ಚಿತ್ರಗಳು ಅಲ್ಲಿಗೇ ಮುಗಿದುಬಿಡುತ್ತವೆ, ಅವುಗಳ ಹುಡುಗರು ಪುಣ್ಯವಂತರು.

ಈಗ ಆರು ವರ್ಷ. ನಿನ್ನೆ ಶಿಫ್ಟ್ ಮುಗಿಸಿ ಬರಲು ತಡವಾಯಿತು. ಘಾಟಿಯಲ್ಲಿ ಲಾರಿ ಕೆಟ್ಟು ದಾರಿ ಕಟ್ಟಿತ್ತು ಎಂದೆ, ಕಟ್ಟಿಯೇ ಇತ್ತು. ಅವಳು ರೊಟ್ಟಿ ಬಡಿಸಿದಳು, ಪಲ್ಯ ಹಾಕಿದಳು, ಎದುರಿಗೆ ಕೂತು, ಎಂದಿನಂತೆ ಸಿಟ್ಟಿಲ್ಲದೆ ಕೇಳಿದಳು:

"ಖರೇನಾ?"