ನನ್ನ ದನಿ, ಮಗಳ ಬಾಯಿ

ಥ್ಯಾಂಕ್ಸ್ ಹೇಳುವುದರಲ್ಲಿ ನಾನು ಮಹಾ ಜಿಪುಣಿ. ಆದರೂ ಮಸ್ಕತ್ತಿನ ಅಲ್ ಅಜೈಬಾದಲ್ಲಿ ನಮ್ಮ ಮೇಲಿನ ಮನೆಯಲ್ಲಿದ್ದ ಜರ್ಮನ್ ಅಜ್ಜಿಯನ್ನು ನೆನೆದರೆ ಕೈ ಮುಗಿಯಬೇಕು ಅನಿಸುತ್ತದೆ.

ಅಜ್ಜಿ ಒಪೆರಾ ಗಾಯಕಿ. ವಯಸ್ಸಾದ ಮೇಲೆ ಮಗನ ಜೊತೆ ಇರಲು ಮಸ್ಕತ್ತಿಗೆ ಬಂದವರು. ಅವರು ಹೆಸರು ಮಾಡಿದ್ದು ಸಿನಿಮಾವಾಗಿ ತೆಗೆದ ಒಪೆರಾಗಳಲ್ಲಿ. ಮೊದಲು ಸ್ಟುಡಿಯೋದಲ್ಲಿ ಹಾಡಿ ರೆಕಾರ್ಡ್ ಮಾಡುವುದು, ಆಮೇಲೆ ಸೆಟ್ಟಿನಲ್ಲಿ ಅದೇ ಹಾಡು ಹಾಕಿಕೊಂಡು ಕ್ಯಾಮೆರಾದ ಮುಂದೆ ಅಭಿನಯಿಸುವುದು. ಸಂಜೆ ಚಹಾಕ್ಕೆ ಹೋದಾಗ ಒಂದೊಂದೇ ಚಿತ್ರ ತೋರಿಸುತ್ತಿದ್ದರು. ಎಂಟು ವರ್ಷದ ನನ್ನ ಮಗಳು ಬಾಯಿಬಿಟ್ಟು ನೋಡುತ್ತಿದ್ದಳು.

ಆ ವರ್ಷ ನಮ್ಮೂರವರ ಕೂಟದಲ್ಲಿ ಮಕ್ಕಳ ಯಕ್ಷಗಾನ. ಮಗಳಿಗೆ ದೂತನ ವೇಷ. ಕುಣಿತ ಬಂತು, ಮಾತು ಬರಲಿಲ್ಲ. ಕನ್ನಡದಲ್ಲಿ ಕೇಳಿದರೆ ಇಂಗ್ಲಿಷಿನಲ್ಲಿ ಉತ್ತರ ಕೊಡುವ ಮಗು ಅದು.

“ತಲೆಬಿಸಿ ಎಂತಕ್ಕೆ ಮಾರಾಯ್ರೆ? ನೀವೇ ಮಾತಾಡಿ ರೆಕಾರ್ಡ್ ಮಾಡಿ. ಅವಳು ಬಾಯಿ ಆಡಿಸಿದ್ರೆ ಖಲಾಸ್,” ಎಂದರು ಕಲಿಸುವ ಮಾಸ್ಟ್ರು.

ವೇಷಧಾರಿ ನಿಂತಲ್ಲೇ ಮಾತು ಕಟ್ಟಿ ಆಡುವ ಆಟಕ್ಕೆ ರೆಕಾರ್ಡು! ನನಗೆ ನಾಚಿಕೆಯಾಯಿತು. ಆದರೆ ನಾಲ್ಕು ಜನರೆದುರು ಮಗಳು ತಡವರಿಸಿದರೆ ಇನ್ನೂ ನಾಚಿಕೆ. ಒಪ್ಪಿಕೊಂಡೆ.

ಅಭ್ಯಾಸವನ್ನು ಅಜ್ಜಿ ನೋಡಿ ಇಂಗ್ಲಿಷಿನಲ್ಲಿ ಗದರಿದರು: “ಬರೀ ತುಟಿ ಆಡಿಸಬೇಡ ಮಗು. ಸೆಟ್ಟಿನಲ್ಲೂ ನಾವು ನಿಜವಾಗಿಯೇ ಹಾಡುತ್ತಿದ್ದೆವು. ಇಲ್ಲದಿದ್ದರೆ ಕತ್ತು ನೋಡಿದರೇ ಗೊತ್ತಾಗುತ್ತದೆ.” ಅಂದಿನಿಂದ ನನ್ನ ರೆಕಾರ್ಡಿನ ಜೊತೆ ಮಗಳೂ ಗಟ್ಟಿಯಾಗಿ ಹೇಳತೊಡಗಿದಳು.

ಒಂದು ಸಂಜೆ ಅಜ್ಜಿಯ ಕಪಾಟಿನಲ್ಲಿ ಪ್ಲಾಸ್ಟಿಕ್ ಕೂಡ ಬಿಚ್ಚದ ಒಂದು ಡಿಸ್ಕ್ ಅವಳ ಕಣ್ಣಿಗೆ ಬಿತ್ತು. ಅಜ್ಜಿ ಅದನ್ನು ಹೊರತೆಗೆದು ಮೇಲಿನ ಚಿತ್ರ ತೋರಿಸಿದರು.

“ಇದರಲ್ಲಿ ಮುಖ ಮಾತ್ರ ನನ್ನದು. ಗಂಟಲು ಕೆಟ್ಟಿತ್ತು, ಬೇರೆಯವಳು ಹಾಡಿದಳು. ಜನ ಇದನ್ನೇ ಹೊಗಳಿದರು. ನಾನು ಇವತ್ತಿಗೂ ನೋಡಿಲ್ಲ.”

ಆಟದ ದಿನ ಶುಕ್ರವಾರ ಮಧ್ಯಾಹ್ನ. ಸ್ಪೀಕರಿಗೆ ಜೋಡಿಸಿದ ಫೋನು ಹಿಡಿದು ನಾನು ವೇದಿಕೆಯ ಪಕ್ಕ ಕೂತಿದ್ದೆ. ಕುಣಿತ ಮುಗಿಸಿದ ಮಗಳು ನನ್ನತ್ತ ತಿರುಗಿ, “ಅಮ್ಮಾ, ಹಾಕ್ಬೇಡ!” ಎಂದಳು. ಸಭೆ ಗೊಳ್ಳೆಂದಿತು. ಮಾಸ್ಟ್ರು, “ಹಾಕಿ, ಹಾಕಿ!” ಎಂದು ಕೈ ಬೀಸಿದರು.

“ನೀವು ಸುಮ್ನಿರಿ ಮಾರಾಯ್ರೆ!” ಎಂದು ಫೋನನ್ನು ಚೀಲಕ್ಕೆ ತುರುಕಿದೆ.

ಮಗಳು ಮಾತಾಡಿದಳು. ತಡವರಿಸಿದಳು, ಎರಡು ಸಾಲು ನುಂಗಿದಳು, ರಾಜನನ್ನೇ “ನೀನು” ಎಂದು ಕರೆದಳು. ನನಗೋ ಅಳು ತಡೆಯಲಾಗಲಿಲ್ಲ. ಅಯ್ಯೋ, ಈ ದನಿಯನ್ನು ನಾನೇ ಮುಚ್ಚಿಹಾಕಲು ಹೊರಟಿದ್ದೆನಲ್ಲ!

ಮುಂದಿನ ಸಾಲಿನಲ್ಲಿದ್ದ ಅಜ್ಜಿಗೆ ಒಂದಕ್ಷರ ಕನ್ನಡ ಬಾರದು. ಹೊರಗೆ ಬಂದಾಗ ಒಂದೇ ಪ್ರಶ್ನೆ ಕೇಳಿದರು: “ಅದು ಅವಳದೇ ದನಿ ತಾನೇ?”

“ಅವಳದೇ,” ಎಂದೆ.

ಮರುದಿನ ಅಜ್ಜಿ ನಮ್ಮಿಬ್ಬರನ್ನೂ ಕರೆದು ಆ ಡಿಸ್ಕಿನ ಪ್ಲಾಸ್ಟಿಕ್ಕನ್ನು ಮಗಳ ಕೈಯಲ್ಲೇ ಬಿಚ್ಚಿಸಿದರು. ಟಿವಿಯ ಸದ್ದನ್ನು ಪೂರ್ತಿ ಇಳಿಸಿದರು. ಆಮೇಲೆ ತೆರೆಯ ಮೇಲಿದ್ದ ತಮ್ಮ ಹರೆಯದ ಮುಖವನ್ನು ನೋಡುತ್ತಾ, ನಡುಗುವ ದನಿಯಲ್ಲಿ ತಾವೇ ಹಾಡಿದರು.