ಅಂಗಳದ ಗದ್ದೆಯ ಬೆನ್ನು ಹತ್ತಿ ಮಳವಳ್ಳಿಗೆ

ನಮ್ಮ ಮಾವ ಕೆರೆಯನ್ನು ಒತ್ತುವರಿ ಮಾಡಿ ಗದ್ದೆ ಮಾಡಿಕೊಂಡಿದ್ದರು. ನಡೆದದ್ದು ಇಷ್ಟೇ. ಇದನ್ನು ತಿಳಿಯಲು ಮೊಮ್ಮಗಳು ಸಿಂಚನಾ ನನ್ನನ್ನು ಒಂದು ದಿನವಿಡೀ ಬಸ್ಸಿನಲ್ಲಿ ಕುಲುಕಿಸಿದಳು.

ಅವಳು ಮಂಡ್ಯದಲ್ಲಿ ಲಾ ಓದುತ್ತಾಳೆ. ಹವಾಮಾನ ಕೆಟ್ಟು, ತಿಂಗಳ ಮಳೆ ಈಗ ಒಂದೇ ದಿನ ಸುರಿಯುತ್ತದಂತೆ. ಮಳವಳ್ಳಿ ಪಕ್ಕದ ನಮ್ಮ ಹಳ್ಳಿಯ ಕೆರೆಯಲ್ಲಿ ಜಾಗ ಸಾಲದೆ, ಕಳೆದ ಮಳೆಗಾಲದಲ್ಲಿ ನೀರು ಕೆಳಗಿನ ಕೇರಿಯ ಮನೆಗಳಿಗೆ ನುಗ್ಗಿತ್ತು. ಒತ್ತುವರಿ ಬಿಡಿಸಲು ಊರವರು ಕೋರ್ಟಿಗೆ ಹಾಕುವ ಅರ್ಜಿಗೆ ಇವಳೇ ಒತ್ತುವರಿ ಜಮೀನುಗಳ ಪಟ್ಟಿ ಬರೆಯುತ್ತಿದ್ದಳು. ನಾವು ಅಲ್ಲಿನ ಹಳಬರೆಂದು ತೋರಿಸಲು ನಮ್ಮ ವಂಶದ ಕಥೆಯೂ ಬೇಕಂತೆ. ನಮ್ಮ ಗದ್ದೆಗೆ ‘ಅಂಗಳದ ಗದ್ದೆ’ ಎಂದು ಹೆಸರು. ತನ್ನ ಮುತ್ತಾತನ, ಅಂದರೆ ನನ್ನ ಮಾವನ, ಮನೆಯ ಅಂಗಳ ಅಲ್ಲೇ ಇತ್ತೆಂದು ಇವಳು ಚಿತ್ರವನ್ನೂ ಬರೆದಿದ್ದಳು. ಸೊಸೆಯಾಗಿ ಬಂದ ನಾನೂ ಆ ಹೆಸರು ಯಾಕೆಂದು ಯಾರನ್ನೂ ಕೇಳಿರಲಿಲ್ಲ.

ಆ ಕಥೆ ಕೇಳಿಬರಲು ಬೆಳಿಗ್ಗೆ ಎಂಟಕ್ಕೆ ಮಂಡ್ಯ ಬಿಟ್ಟೆವು. ಹೆಂಗಸರಿಗೆ ಟಿಕೆಟ್ ಫ್ರೀ, ಸೀಟು ಮಾತ್ರ ಇಲ್ಲ. ಮದ್ದೂರಿನವರೆಗೆ ಇಪ್ಪತ್ತು ಕಿಲೋಮೀಟರು ಕಂಬಿ ಹಿಡಿದು ನಿಂತೆ. ಅಲ್ಲಿ ನನ್ನ ನಾದಿನಿ ಚಿಕ್ಕತಾಯಮ್ಮ ಮುದ್ದೆ, ಉಪ್ಸಾರು ಬಡಿಸಿ, ಚಿತ್ರ ನೋಡಿ ನಕ್ಕುಬಿಟ್ಟಳು.

“ಮನೆ ಅಂಗಳ ಅಲ್ಲ ಕಣವ್ವ, ಕೆರೆ ಅಂಗಳ! ನೀರು ನಿಲ್ಲೋ ಜಾಗ. ನಮ್ಮಪ್ಪ ಬ್ಯಾಸ್ಗೇಲಿ ನೀರ್ ಬತ್ದಾಗ ಬದ ಆಕಿ ಗದ್ದೆ ಮಾಡ್ದ, ಮಳೆ ಬಂದ್ರೂ ಬುಡ್ನಿಲ್ಲ.”

“ಇಷ್ಟ್ ವರ್ಸ ಬಾಯಿ ಬುಡ್ನಿಲ್ವಲ್ಲೇ ನೀನು!” ಎಂದೆ.

“ನೀನೇನ್ ಕೇಳಿದ್ಯಾ ಅತ್ಗೆ? ಆ ಗದ್ದೆ ಅಕ್ಕಿ ಮೂಟೆ ಇಳಿಸ್ಕೊಂಡು ಸುಮ್ಕಿದ್ದೆ.”

ಕೈ ತೊಳೆದು ಮಳವಳ್ಳಿ ಬಸ್ಸು ಹತ್ತಿದೆವು. ತಾಲ್ಲೂಕು ಕಚೇರಿಯವರ ಊಟ ಮುಗಿಯುವವರೆಗೆ ಬಿಸಿಲಲ್ಲಿ ಕಾದು ಸರ್ವೆ ನಕ್ಷೆ ತೆಗೆಸಿದೆವು. ನಮ್ಮ ಗದ್ದೆ ಪೂರ್ತಿ ಕೆರೆಯ ಗೆರೆಯೊಳಗೇ ಇತ್ತು.

ವಾಪಸು ಬರುವಾಗ ಸಿಂಚನಾಳ ನೀತಿ ಪಾಠ ಶುರುವಾಯಿತು. “ಮುತ್ತಾತ ಮಾಡಿದ್ದಕ್ಕೆ ನಾವು ಹೊಣೆನಾ ಅಜ್ಜಿ? ಎರಡೂ ಕಡೆ ವಾದ ಇದೆ...”

“ಅದ್ರ ಅನ್ನ ಉಂಡೋನು ಮುತ್ತಾತ ಒಬ್ನೇಯೇನೇ? ಆ ಕೇರಿ ಮಕ್ಳು ನೀರಲ್ಲಿ ಮಂಚದ್ ಮ್ಯಾಲೆ ನಿಂತಿದ್ದಾಗ ನೀನೂ ಉಣ್ತಿದ್ದೆ, ನಾನೂ ಉಣ್ತಿದ್ದೆ.”

“ಪಟ್ಟಿಗೆ ಸೇರಿಸಿದ್ರೆ ಗದ್ದೆ ಹೋಗುತ್ತೆ. ಅಪ್ಪ ಕೂಗಾಡ್ತಾರೆ.”

“ಕೂಗಾಡ್ಲಿ. ಗದ್ದೆ ಪಾಣಿ ಪತ್ರ ನನ್ನೆಸ್ರಲ್ಲೇ ಅದೆ.”



ಮಾರನೆಯ ಬೆಳಿಗ್ಗೆ ಒತ್ತುವರಿ ಪಟ್ಟಿಯ ತಲೆಯಲ್ಲೇ ನಮ್ಮ ಸರ್ವೆ ನಂಬರು ಬರೆಸಿದೆ. ಆಮೇಲೆ ಗದ್ದೆಯನ್ನು ವಾರಕ್ಕೆ, ಅಂದರೆ ಬೆಳೆಯ ಪಾಲಿಗೆ, ಮಾಡುವ ಸಿದ್ದನಿಗೆ ಫೋನ್ ಮಾಡಿ, ಈ ಸಲ ಬತ್ತದ ಸಸಿಗೆ ಒಟ್ಲು ಹಾಕಬೇಡ ಎಂದೆ.