‘ಆ್ಯಕ್ಷನ್’ ಅನ್ನುವ ಮೊದಲಿನ ಆರು ಸೆಕೆಂಡು

ಬೆಳಗಿನ ಆರೂ ಹತ್ತು. ಮುಂಬೈನ ವಿಕ್ರೋಳಿ ಸ್ಟೇಷನ್ನಿನಿಂದ ಎಡಿಟರ್ ಭುವನೇಶ್ವರಿ ಅರ್ಧ ಓಡಿಕೊಂಡೇ ಬರುತ್ತಾರೆ. ಹಳೆಯ ಕಾರ್ಖಾನೆ ಕಟ್ಟಡದ ಎರಡನೇ ಮಹಡಿ, ಕಿಟಕಿಯಿಲ್ಲದ ಕೋಣೆ, ಎರಡು ಮಾನಿಟರ್. ಚಪ್ಪಲಿ ಬಾಗಿಲಲ್ಲೇ ಬಿಟ್ಟು ಹೆಡ್‌ಫೋನ್ ಏರಿಸುತ್ತಾರೆ. ರಾತ್ರಿ ಎಂಟಕ್ಕೆ ಪ್ರಸಾರವಾಗುವ ಹಿಂದಿ ಧಾರಾವಾಹಿಯ ಕಂತು ಬೆಳಗಿನ ಹತ್ತೂವರೆಯೊಳಗೆ ಚಾನೆಲ್ ಸೇರಬೇಕು. ಇವತ್ತಿನ ಕಂತಿನಲ್ಲಿ ಮುಖ್ಯ ದೃಶ್ಯದ ಅರ್ಧವೇ ಇಲ್ಲ.

ಕಥೆಯಲ್ಲಿ ಮೂರು ವರ್ಷದಿಂದ ಮಗಳ ಮುಖ ನೋಡದ ಅಪ್ಪ ಇವತ್ತು ಅವಳನ್ನು ಕ್ಷಮಿಸಬೇಕು. ಮಗಳ ಶಾಟ್‌ಗಳೆಲ್ಲ ಬಂದಿವೆ. ಅಪ್ಪನ ಪಾತ್ರದ ಹಿರಿಯ ನಟ ಕಾಶಿನಾಥ ನಿನ್ನೆ ಸಂಜೆ ಸೆಟ್ಟಿನಲ್ಲೇ ತಲೆಸುತ್ತಿ ಬಿದ್ದು ಆಸ್ಪತ್ರೆ ಸೇರಿದ್ದಾರೆ. ಅವರದು ಒಂದು ಶಾಟೂ ಆಗಿಲ್ಲ. ನಿರ್ಮಾಣದ ಉಸ್ತುವಾರಿ ಸಪ್ನಾ ಫೋನಿನಲ್ಲಿ ಗಾಬರಿಯಾಗಿದ್ದಾರೆ. “ದೀದಿ, ಸೀನ್ ಉಡಾ ದೋ. ಫ್ಲ್ಯಾಶ್‌ಬ್ಯಾಕ್ ಡಾಲ್ ದೋ.”

ಸೀನ್ ತೆಗೆದು ಹಳೆಯ ದೃಶ್ಯ ತುಂಬುವುದಕ್ಕೆ ಭುವನೇಶ್ವರಿ ಒಪ್ಪುವುದಿಲ್ಲ. “ಸಾಡೇ ನೌ ತಕ್ ಟೈಮ್ ದೇ, ಬಸ್,” ಎಂದು ಒಂಬತ್ತೂವರೆಯವರೆಗೆ ಸಮಯ ಕೇಳಿ ಫೋನಿಡುತ್ತಾರೆ. ಕಣ್ಣು ಆಗಲೇ ಪರದೆಯ ಮೇಲಿದೆ. “ಎಡಿಟರ್ ಅಂದ್ರ ಕತ್ತರಿ ಹಿಡದಾಕಿ ಅಂತ ತಿಳಕೋತಾರ್ರಿ ಮಂದಿ. ಕತ್ತರಸೂದು ಕಡಿಮಿ. ಹುಡುಕೂದ ಜಾಸ್ತಿ.”

ಅವರಿಗೀಗ ನಲವತ್ತೆಂಟು. ತಂದೆ ಗದಿಗೆಪ್ಪ ವಿಜಯಪುರ ಜಿಲ್ಲೆಯ ಇಂಡಿ ಕಡೆಯವರು; ಇದೇ ವಿಕ್ರೋಳಿಯ ಬಣ್ಣದ ಕಾರ್ಖಾನೆಯಲ್ಲಿ ಡಬ್ಬಿ ತುಂಬುತ್ತಿದ್ದರು. ಭಾಂಡುಪ್‌ನ ಚಾಳು, ಕನ್ನಡ ಮಾಧ್ಯಮದ ಶಾಲೆ, ಹತ್ತನೆಯ ತರಗತಿಗೇ ಓದು ಮುಗಿಯಿತು. ಹದಿನೇಳನೇ ವಯಸ್ಸಿಗೆ ಕುರ್ಲಾದ ಮದುವೆ ವಿಡಿಯೊ ಅಂಗಡಿಯಲ್ಲಿ ಕ್ಯಾಸೆಟ್ಟಿಗೆ ಚೀಟಿ ಅಂಟಿಸುವ ಕೆಲಸ. ಎಡಿಟಿಂಗ್ ಮಾಡುವವನು ಒಂದು ದಿನ ಬರಲಿಲ್ಲ. ಮದುಮಗಳ ಕಡೆಯವರು ಬಾಗಿಲಲ್ಲೇ ನಿಂತಿದ್ದರು. ನೋಡಿ ಕಲಿತಿದ್ದ ಹುಡುಗಿ ತಾನೇ ಕುಳಿತು ಮೂರು ಗಂಟೆಯ ಮದುವೆಯನ್ನು ಒಂದು ಗಂಟೆಗೆ ಇಳಿಸಿದಳು.

ಟೇಪು ಹೋಗಿ ಕಂಪ್ಯೂಟರ್ ಬಂದಾಗ ದೊಡ್ಡ ಏಟು ಬಿತ್ತು. ಆಗ ಸೇರಿದ್ದ ಸ್ಟುಡಿಯೊದವರು, ಇಂಗ್ಲಿಷ್ ಬರದವಳಿಗೆ ಈ ಮಷೀನು ಆಗದು ಎಂದು ಮನೆಗೆ ಕಳಿಸಿದರು. ಮಗಳು ಸ್ನೇಹಲ್‌ಗೆ ಆಗ ಎಂಟು ತಿಂಗಳು. ಮಗುವನ್ನು ತಾಯಿ ಗಂಗುಬಾಯಿಯ ಮಡಿಲಿಗೆ ಹಾಕಿ ಕಂಪ್ಯೂಟರ್ ಕ್ಲಾಸಿಗೆ ಹೋದರು. “ಮೆನು ಓದಾಕ ಬರ್ತಿರಲಿಲ್ರಿ. ಯಾವ ಬಟನ್ ಎಲ್ಲ್ಯದ ಅಂತ ಜಾಗಾನೇ ಬಾಯಿಪಾಠ ಮಾಡಿದೆ. ಈಗ ಕಣ್ಣು ಮುಚ್ಚಿ ಮಾಡ್ತೀನಿ.”

ದಿನಕ್ಕೆ ಸುಮಾರು ಮೂರು ಗಂಟೆಯ ಚಿತ್ರೀಕರಣ ಬರುತ್ತದೆ, ಇಪ್ಪತ್ತೆರಡು ನಿಮಿಷ ಹೊರಗೆ ಹೋಗುತ್ತದೆ. ಈ ಧಾರಾವಾಹಿಯೊಂದರಲ್ಲೇ ಏಳುನೂರಕ್ಕೂ ಮೀರಿ ಕಂತು. ಕೊನೆಯಲ್ಲಿ ಅವರ ಹೆಸರು ಓಡುತ್ತದೆ, ಆದರೆ ಅಷ್ಟರಲ್ಲಿ ಪಕ್ಕದಲ್ಲಿ ಮುಂದಿನ ಕಾರ್ಯಕ್ರಮದ ಜಾಹೀರಾತು ಶುರುವಾಗಿ ಅಕ್ಷರಗಳು ಇರುವೆಯಷ್ಟಾಗಿರುತ್ತವೆ.

ಏಳೂ ಮುಕ್ಕಾಲು. ಅವರ ಕಂಪ್ಯೂಟರಿನಲ್ಲಿ ಕನ್ನಡದಲ್ಲಿ ಹೆಸರಿಟ್ಟ ಒಂದು ಫೋಲ್ಡರ್ ಇದೆ: ‘ಉಳಿದದ್ದು’. ನಿರ್ದೇಶಕ ‘ಆ್ಯಕ್ಷನ್’ ಅನ್ನುವ ಮೊದಲು, ‘ಕಟ್’ ಅಂದ ಮೇಲೆ ಕ್ಯಾಮೆರಾದಲ್ಲಿ ಸುಮ್ಮನೆ ದಾಖಲಾದ ಚೂರುಗಳು. ಬೇರೆಯವರು ಅಳಿಸಿಬಿಡುತ್ತಾರೆ. ಭುವನೇಶ್ವರಿ ಕೂಡಿಡುತ್ತಾರೆ.

ಕಾಶಿನಾಥರ ಮುಖಗಳು ಒಂದರ ಹಿಂದೊಂದು ಓಡುತ್ತವೆ. ಆಕಳಿಕೆ. ಕೆಮ್ಮು. ಮೀಸೆ ಒತ್ತಿಕೊಳ್ಳುವುದು. ಒಂಬತ್ತಾಗಲು ಹತ್ತು ನಿಮಿಷವಿದ್ದಾಗ ಭುವನೇಶ್ವರಿ ಕುರ್ಚಿಯಿಂದ ಎದ್ದೇಬಿಡುತ್ತಾರೆ. “ಸಿಕ್ತು! ಸಿಕ್ತ್ರೀ!”

ಹೋದ ವರ್ಷದ ಯಾವುದೋ ಮಧ್ಯಾಹ್ನ. ಕಾಶಿನಾಥ ಕಾದು ಕಾದು ಸುಸ್ತಾಗಿದ್ದಾರೆ. ಕ್ಯಾಮೆರಾದಾಚೆ ಚಹಾ ಬರುತ್ತದೆ. ಬಾಗಿದ್ದ ಮುಖ ಮೆಲ್ಲಗೆ ಮೇಲೇಳುತ್ತದೆ, ಕಣ್ಣು ಸಡಿಲಾಗುತ್ತದೆ, ತುಟಿ ಒಂದಿಷ್ಟು ನಡುಗುತ್ತದೆ. ಬರೀ ಆರು ಸೆಕೆಂಡು.

ಅವತ್ತು ಹೊದ್ದಿದ್ದ ಬೇರೆ ಶಾಲು ಕಾಣದಂತೆ ಮುಖವನ್ನಷ್ಟೇ ದೊಡ್ಡದಾಗಿಸುತ್ತಾರೆ, ಬಣ್ಣ ಹೊಂದಿಸುತ್ತಾರೆ. “ಬಾಬಾ, ಮೈ ಆ ಗಯೀ,” ಎಂದು ಮರಳಿ ಬಂದ ಮಗಳು ಅನ್ನುತ್ತಾಳೆ. ಆಮೇಲೆ ಆ ಮುಖ. ಸಂಗೀತವಿಲ್ಲ, ಮಾತಿಲ್ಲ. ಒಂಬತ್ತೂವರೆಗೆ ಸಪ್ನಾ ಬಂದು ನೋಡುತ್ತಾರೆ. ಮತ್ತೊಮ್ಮೆ ಹಾಕಿಸುತ್ತಾರೆ. ಭುವನೇಶ್ವರಿಯ ಹೆಗಲು ಗಟ್ಟಿಯಾಗಿ ಹಿಡಿಯುತ್ತಾರೆ. ಕಂತು ಚಾನೆಲ್‌ಗೆ ಹೊರಡುತ್ತದೆ.

ಅವತ್ತು ರಾತ್ರಿ ಎಂಟಕ್ಕೆ ಅವರು ಭಾಂಡುಪ್‌ನ ಚಾಳಿನಲ್ಲಿ, ತಾಯಿಯ ಖೋಲಿಯಲ್ಲಿ. ಅಕ್ಕಪಕ್ಕದ ನಾಲ್ಕು ಹೆಂಗಸರೂ ಬಂದಿದ್ದಾರೆ. ಟಿವಿಯಲ್ಲಿ ಮಗಳು ಹೊಸ್ತಿಲು ದಾಟುತ್ತಾಳೆ, ಅಪ್ಪ ತಲೆಯೆತ್ತುತ್ತಾನೆ. ಮೆಂತ್ಯ ಸೋಸುತ್ತಿದ್ದ ಚಂಪಾ ಎನ್ನುವಾಕೆಯ ಕೈ ಅಲ್ಲೇ ನಿಲ್ಲುತ್ತದೆ. ಗಂಗುಬಾಯಿ ಮೂಗು ಒರೆಸಿಕೊಳ್ಳುತ್ತಾರೆ. “ಏನ್ ಚಂದ ಮಾಡ್ಯಾನವಾ ಮುದುಕ!”

“ಮಮ್ಮಿ, ಅಜ್ಜಿಗೆ ಹೇಳು ನಾ, ಅದು ತೂನೇ ಕಿಯಾ, ನೀನೇ ಮಾಡಿದ್ದು ಅಂತ,” ಎಂದು ಸ್ನೇಹಲ್ ಕಿವಿಯಲ್ಲಿ ಪಿಸುಗುಡುತ್ತಾಳೆ.

ಭುವನೇಶ್ವರಿ ಬೆರಳಿನಿಂದ ಅವಳ ಬಾಯಿ ಮುಚ್ಚುತ್ತಾರೆ. “ಹೂನವಾ, ಭಾರಿ ಮಾಡ್ಯಾನ,” ಎಂದು ತಾಯಿಗೆ ಹೇಳುತ್ತಾರೆ.

ಆಸೆ ಏನಾದರೂ ಉಳಿದಿದೆಯೇ ಎಂದರೆ ಸ್ವಲ್ಪ ನಾಚುತ್ತಾರೆ. “ಸಿನಿಮಾ ಒಂದ ಎಡಿಟ್ ಮಾಡಬೇಕ್ರಿ. ದೊಡ್ಡದಲ್ಲ, ಸಣ್ಣದಾದ್ರೂ ನಡೀತದ. ಥಿಯೇಟರ್‌ನ್ಯಾಗ ಎಲ್ಲಾರಕಿಂತ ಮುಂದಿನ ಸಾಲಿನ್ಯಾಗ ಕೂಡ್ತೀನಿ. ಪರದೆಗೆ ಬೆನ್ನು ಮಾಡಿ, ಮಂದಿ ಮಾರಿ ನೋಡ್ಕೋತ.”